ಕೈಯಲ್ಲಿ ಮೂರು

ತುಮ್ರೈತಿನ ಆಚೆ ಡಾಂಬರು ಮುಗಿಯುವಲ್ಲಿ
ಒಂದು ಪೆಟ್ರೋಲ್ ಪಂಪು, ಒಂದು ಪರೋಟದಂಗಡಿ,
ಆಮೇಲೆ ಹಿಸಾಬಿನ ಮರಳು.
ನಕಾಶೆಯಲ್ಲಿ ಅಲ್ಲಿ ಬರೀ ಬಿಳಿ ಕಾಗದ.
ಅದನ್ನು ತುಂಬಿಸಲೆಂದೇ ಕಂಪನಿ ನಮ್ಮನ್ನು ಕಳಿಸಿದ್ದು.

ನನ್ನ ಕೆಲಸ ಕೋಲು ಹಿಡಿಯುವುದು.
ವಾಇಲ್ ಇಂಜಿನಿಯರು ದುರ್ಬೀನಿಗೆ ಕಣ್ಣಿಟ್ಟು
"ಲಿಗೋರಿ, ಎಡಕ್ಕೆ" ಅಂದರೆ ಎಡಕ್ಕೆ.
ಹನ್ನೆರಡು ವರ್ಷ ಹೀಗೆ ನೆಟ್ಟಗೆ ನಿಂತೇ ಉಂಡವನು.

ಮರಳಿನ ಅಂಚಿನಲ್ಲಿ ಮುಸಲ್ಲಮ್ ಚಪ್ಪಲಿ ಕಳಚಿದ,
ಒಂದು ಬೊಗಸೆ ನೀರು ಚೆಲ್ಲಿದ.
ಇಲ್ಲಿ ಗಟ್ಟಿಯಾಗಿ ಎಣಿಸಬೇಡಿ, ಅಂದ.
ಇದು ಭಾಗಿಸುವ ನೆಲ.
ಹೋದ ವರ್ಷ ಆರು ಮಂದಿ ಹೋದರು, ಬಂದವರು ಮೂವರು.
ಅದಕ್ಕೂ ಹಿಂದೆ ಒಂಬತ್ತು; ಆಗಲೂ ಮೂವರೇ.
ಏಳಾದರೆ
ತಿರುಗಿಸಿ ಮುರುಗಿಸಿ ನೋಡುತ್ತದೆ,
ಹಲ್ಲು ಇಳಿಯುವುದಿಲ್ಲ, ಬಿಟ್ಟುಬಿಡುತ್ತದೆ.

ನಾವು ಏಳು: ಅವನು, ವಾಇಲ್, ಸ್ವಾತ್ ಕಣಿವೆಯ ಅಣ್ಣತಮ್ಮ,
ಸಿಲ್ಹೆಟಿನ ಅಡುಗೆಯ ಮೊಫಿಜ್, ನಾನು,
ಮತ್ತೆ ಸಮ್ಹಾ, ಹೆಣ್ಣೊಂಟೆ.
ಉಸಿರಿರುವುದೆಲ್ಲ ಲೆಕ್ಕಕ್ಕೆ.

ಸರಪಳಿ ಹಾಸಿ ಅಳೆದರೆ ದಿಬ್ಬದ ಅಂಚು ಸಾವಿರ ಮೀಟರು.
ಗಿಡ್ಡ ಸರಪಳಿಗೆ ಅದೇ ಅಂಚು ಸಾವಿರದ ನಾನೂರು.
ಗೇಣು ಹಾಕಿದರೆ ಮೂರು ಸಾವಿರ.
ಬೆರಳು ಹಚ್ಚಿ ಅಳೆಯಲು ಕೂತ ತಮ್ಮನನ್ನು
ಅಣ್ಣ ರಟ್ಟೆ ಹಿಡಿದು ಎಬ್ಬಿಸಬೇಕಾಯಿತು,
ಇಲ್ಲದಿದ್ದರೆ ಅವನಿನ್ನೂ ಅಲ್ಲೇ ಅಳೆಯುತ್ತಿದ್ದ.
ಮೊಫಿಜ್ ಚಹಾದ ಲೋಟಕ್ಕೆ ಹಿಡಿ ಮರಳು ಸುರಿದ:
ಒಳಗೆ ಅದೇ ದಿಬ್ಬ, ಅದೇ ಬಾಗು,
ನೆತ್ತಿಯಲ್ಲಿ ಸಾಸಿವೆಯಷ್ಟು ಏಳು ನೆರಳು.
ಯಾರೂ ಎರಡನೇ ಸಲ ಬಗ್ಗಿ ನೋಡಲಿಲ್ಲ.

ನಟ್ಟನಡುವೆ ಒಂದು ತಗ್ಗು.
ಅದರತ್ತ ಮುಖ ತಿರುಗಿಸದೆ ಮುಸಲ್ಲಮ್ "ಸಿಫ್ರ್" ಎಂದ.
ನಮ್ಮ ಸೊನ್ನೆ.
ಗಾಳಿಯೂ ಅದನ್ನು ಬಳಸಿಕೊಂಡು ಹೋಗುತ್ತದೆ.
ಬೆನ್ನಾ ಟೀಚರು ಬೆತ್ತದಿಂದ ಬೋರ್ಡು ಕುಟ್ಟಿ
ಸೊನ್ನೆಯಿಂದ ಭಾಗಿಸಬೇಡ್ರೋ ಅಂದದ್ದು ಯಾಕೆಂದು
ನನಗೆ ಐವತ್ತರ ವಯಸ್ಸಿನಲ್ಲಿ ತಿಳಿಯಿತು.

ಆ ರಾತ್ರಿ ಸಮ್ಹಾ ಮರಿ ಹಾಕಿತು.
ಒದ್ದೆ ಕಾಲು ಮಡಿಸಿ ಬಿಡಿಸಿ ಅದು ಏಳುವಷ್ಟರಲ್ಲಿ
ನಾವು ಎಂಟು.
ಎರಡಾಗಿ ನಾಲ್ಕಾಗಿ ಎಲ್ಲಿ ಬೇಕಾದರೂ ಸೀಳುವ ಮೆದು ಸಂಖ್ಯೆ.
ಎಲೆ ಹಾಕಿದ ಪಂಕ್ತಿಯಂತೆ
ಸುತ್ತಲ ದಿಬ್ಬಗಳು ಸರಿದು ಹತ್ತಿರ ಕೂತವು.

ವಾಇಲ್ ಮರಿಯನ್ನು ನೋಡಿದ. ಆಮೇಲೆ ಚೂರಿಯನ್ನು.
ಮುಸಲ್ಲಮ್ ಅಂದ:
ಕಳೆಯುವುದನ್ನು ಈ ಮರಳು ನಮಗಿಂತ ಚೆನ್ನಾಗಿ ಬಲ್ಲದು.
ಕೂಡೋಣ.

ತಾನೇ ಹಾಕಿದ ಕಟ್ಟಳೆ ಮುರಿದು, ಗಟ್ಟಿಯಾಗಿ,
ಹೋದ ವರ್ಷ ಬಾರದವರ ಹೆಸರು ಕೂಗಿದ.
ಬಖೀತ್! ಒಂಬತ್ತು.
ಸುಹೈಲ್! ಹತ್ತು.
ಮೂರನೆಯವನು ಲಾರಿ ಡ್ರೈವರು, ನಿನ್ನ ಕಡೆಯವನು,
ಹೆಸರು ಯಾರೂ ಕೇಳಿರಲಿಲ್ಲ.
ಹತ್ತು ಎಂಬುದೂ ಒಡೆಯುವ ಗಡಿಗೆಯೇ.
ಎಲ್ಲರೂ ನನ್ನ ಬಾಯಿ ನೋಡಿದರು.

ಬಂದದ್ದು ಇದಿನಬ್ಬ.
ಮೂರನೇ ಕ್ಲಾಸಿನಲ್ಲಿ ನನ್ನ ಪಕ್ಕ ಕೂತವನು,
ಹದಿನೇಳೇಳ್ಲಿ, ಹದಿನೇಳೇಳ್ಲಿ ಎಂದು ತಡವರಿಸಿ
ಬೆಂಚು ಹತ್ತಿ ನಿಂತವನು.
ಗಲ್ಫಿಗೆ ಬಂದನೋ ಇಲ್ಲವೋ ನಾನೇನು ಬಲ್ಲೆ.
ಕೂಗಿದೆ.

ಹನ್ನೊಂದು.
ದೂರದಲ್ಲಿ ಯಾವುದೋ ದಿಬ್ಬ ಮಗ್ಗುಲು ಬದಲಿಸಿತು.
ಹೊರಟೆವು. ಬೆಳಗಿನವರೆಗೆ ಬೆನ್ನ ಹಿಂದೆ
ಮೂವರ ಹೆಜ್ಜೆ ಹೆಚ್ಚಿಗೆ ಕೇಳುತ್ತಿತ್ತು.
ಡಾಂಬರು ಕಾಲಿಗೆ ತಾಗಿದ ಮೇಲೆ ಕೇಳಲಿಲ್ಲ.

ನಕಾಶೆಯಲ್ಲಿ ಆ ಕಾಗದ ಇನ್ನೂ ಬಿಳಿ.
ವಾಇಲ್ ಬರೆದ ವರದಿ ಒಂದೇ ಸಾಲು: ಶೇಷ ಉಳಿದಿದೆ.
ಮರಿ ಈಗ ನನ್ನ ಭುಜಕ್ಕೆ ಬರುತ್ತದೆ, ಒದೆಯುತ್ತದೆ.
ಸಲಾಲಾದ ಕ್ಯಾಂಪಿನಲ್ಲಿ ಸಂಬಳದ ಸಾಲು ನಿಂತಾಗ
ನಾನು ಹಿಂದಿನವನಿಗೆ, ಸ್ವಲ್ಪ ಜಾಗ ಬಿಡು ಮಾರಾಯ, ಅನ್ನುತ್ತೇನೆ.
ನಗುತ್ತಾನೆ.

ಎಂಟು ಬರೆ, ಕೈಯಲ್ಲಿ ಮೂರು ಇಟ್ಟುಕೋ,
ಮುಂದಿನ ಮನೆಗೆ ಸೇರಿಸಲು ಮರೆಯಬೇಡ,
ಅನ್ನುತ್ತಿದ್ದರು ಟೀಚರು.
ಮರೆತಿಲ್ಲ. ಕಾಸರಗೋಡಿಂದ ಬಂದ ಪ್ರತಿ ಲಾರಿ ನಿಲ್ಲಿಸಿ
ಆ ಡ್ರೈವರನ ಮನೆ ಎಲ್ಲಿ ಅಂತ ಕೇಳುತ್ತಿದ್ದೇನೆ.